ಗಾಯದ ಕಲೆ ಹಿಗ್ಗುವುದಿಲ್ಲ

ಶಿವಮೊಗ್ಗ, ಸಾಗರ, ತೀರ್ಥಹಳ್ಳಿ ಕಡೆಯಿಂದ ನರ್ಸಿಂಗ್ ಓದಿ ಗಲ್ಫಿಗೋ ಬ್ರಿಟನ್ನಿಗೋ ಹೊರಟವರು ಓದಲಿ ಎಂದು ಇದನ್ನು ಬರೆಯುತ್ತಿದ್ದೇನೆ. ಅಲ್ಲಿನ ಹೆರಿಗೆ ವಾರ್ಡಿಗೆ ಸೊಮಾಲಿಯಾ, ಸುಡಾನಿನ ಹೆಂಗಸರೂ ಬರುತ್ತಾರೆ. ಅವರಲ್ಲಿ ಹಲವರಿಗೆ ಚಿಕ್ಕಂದಿನಲ್ಲೇ ಜನನಾಂಗ ಛೇದನ ಆಗಿರುತ್ತದೆ.

ಸ್ತ್ರೀ ಜನನಾಂಗ ಛೇದನದಲ್ಲಿ ವಿಶ್ವ ಆರೋಗ್ಯ ಸಂಸ್ಥೆ ನಾಲ್ಕು ಬಗೆ ಗುರುತಿಸುತ್ತದೆ. ಮೊದಲನೆಯದು ಚಂದ್ರನಾಡಿಯನ್ನೋ (ಕ್ಲಿಟೊರಿಸ್) ಅದರ ಮೇಲಿನ ಚರ್ಮವನ್ನೋ ಕತ್ತರಿಸುವುದು. ಎರಡನೆಯದರಲ್ಲಿ ಒಳತುಟಿಯೂ ಹೋಗುತ್ತದೆ. ಚುಚ್ಚುವುದು, ಸುಡುವುದು ಮುಂತಾದವು ನಾಲ್ಕನೆಯದು. ಹೆರಿಗೆಯಲ್ಲಿ ಹೆಚ್ಚು ಕಾಡುವುದು ಮೂರನೆಯದು: ತುಟಿಗಳ ಅಂಚು ಕತ್ತರಿಸಿ ಕೂಡಿಸಿ, ಮೂತ್ರಕ್ಕೂ ಮುಟ್ಟಿಗೂ ಒಂದೇ ಸಣ್ಣ ತೂತು ಬಿಟ್ಟಿರುತ್ತಾರೆ. ಇದೆಲ್ಲ ಆಫ್ರಿಕಾದ್ದು ಎಂದು ಕೈತೊಳೆದುಕೊಳ್ಳುವ ಹಾಗಿಲ್ಲ. ಭಾರತದ ದಾವೂದಿ ಬೊಹ್ರಾ ಸಮುದಾಯದಲ್ಲಿ ಏಳರ ಆಸುಪಾಸಿನ ಹುಡುಗಿಯರಿಗೆ ಖತ್ನಾ ಎಂಬ ಹೆಸರಿನಲ್ಲಿ ಛೇದನ ನಡೆದುಬಂದಿದೆ. 2018ರಲ್ಲಿ ಸುಪ್ರೀಂ ಕೋರ್ಟ್ ಆ ಪ್ರಶ್ನೆಯನ್ನು ಸಂವಿಧಾನ ಪೀಠಕ್ಕೆ ಒಪ್ಪಿಸಿತು.

ನೆನೆಸಿದ ಅಡಿಕೆ ಹಾಳೆ ಬಗ್ಗಿಸಿದ ಹಾಗೆ ಬಗ್ಗುತ್ತದೆ, ಒಣಗಿದ್ದು ಸೀಳುತ್ತದೆ. ಚರ್ಮಕ್ಕೂ ಗಾಯದ ಕಲೆಗೂ ಇರುವ ವ್ಯತ್ಯಾಸ ಅದೇ. ಆರು ಆಫ್ರಿಕನ್ ದೇಶಗಳ 28,393 ಹೆಂಗಸರ ಹೆರಿಗೆ ನೋಡಿದ ವಿಶ್ವ ಆರೋಗ್ಯ ಸಂಸ್ಥೆಯ 2006ರ ಅಧ್ಯಯನದಲ್ಲಿ, ಛೇದನ ಆಗದವರಿಗಿಂತ ಮೂರನೇ ಬಗೆಯವರಿಗೆ ಹೆರಿಗೆಯ ನಂತರದ ಅತಿ ರಕ್ತಸ್ರಾವದ ಅಪಾಯ ಸುಮಾರು ಶೇ 70 ಹೆಚ್ಚಿತ್ತು.

ಇದರ ತೊಂದರೆಗಳನ್ನು ಕೇಳುವುದು ಹೇಗೆ? "ಎಲ್ಲ ಸರಿ ಇದೆಯಾ" ಎಂದರೆ ಹೂಂ ಎನ್ನುತ್ತಾರೆ. "ಮೂತ್ರ ಮಾಡಲು ಎಷ್ಟು ಹೊತ್ತು ಹಿಡಿಯುತ್ತದೆ" ಎಂದು ಕೇಳಿ. ಹನಿಹನಿಯಾಗಿ ಕಾಲು ಗಂಟೆ ಹಿಡಿದರೂ ಚಿಕ್ಕಂದಿನಿಂದ ಅಷ್ಟೇ ಆದ್ದರಿಂದ ಅವರಿಗದು ತೊಂದರೆಯೆನಿಸುವುದಿಲ್ಲ. ಪದೇ ಪದೇ ಮೂತ್ರದ ಸೋಂಕು, ಮುಟ್ಟಿನ ವಿಪರೀತ ನೋವು, ಕಲೆಯ ಅಡಿಯಲ್ಲಿ ಗಂಟು, ಸಂಭೋಗದಲ್ಲಿ ನೋವು — ಒಂದೊಂದಾಗಿ ಕೇಳಬೇಕು.

ಕೂಡಿಕೊಂಡ ಕಲೆಯನ್ನು ಕತ್ತರಿಸಿ ಬಿಡಿಸುವುದು ಗರ್ಭಿಣಿಗೆ 20 ವಾರ ಕಳೆದ ಮೇಲೆ, ತಪ್ಪಿದರೆ ಹೆರಿಗೆ ನೋವಿನಲ್ಲೇ. ಮರಗಟ್ಟಿಸಲು ಲಿಗ್ನೋಕೇನ್ ಕೊಟ್ಟು, ಕಲೆಯ ಅಡಿಗೆ ಬೆರಳೋ ಫೋರ್ಸೆಪ್ಸೋ ತೂರಿಸಿ (ಮಗುವಿನ ತಲೆಗೆ ಕತ್ತರಿ ತಾಗಬಾರದು), ನಡುಗೆರೆಯಲ್ಲಿ ಮೇಲ್ಮುಖವಾಗಿ ಕತ್ತರಿಸುತ್ತಾರೆ. ಮೂತ್ರದ್ವಾರ ಕಂಡಲ್ಲಿಗೆ ನಿಲ್ಲಿಸಬೇಕು. ಮುಂದೆ ಹೋದರೆ ಹೂತಿರುವ ಚಂದ್ರನಾಡಿಗೆ ತಗುಲಿ ರಕ್ತ ಸುರಿಯುತ್ತದೆ. ಎಡ ಬಲದ ಅಂಚುಗಳನ್ನು ತಾನಾಗಿ ಕರಗುವ 3-0 ವಿಕ್ರಿಲ್ ದಾರದಿಂದ ಬೇರೆಬೇರೆಯಾಗಿಯೇ ಹೊಲಿಯಬೇಕು, ಇಲ್ಲದಿದ್ದರೆ ಮತ್ತೆ ಕೂಡಿಕೊಳ್ಳುತ್ತವೆ. ಕ್ಯಾಥೆಟರ್ ಹೋಗುತ್ತಿಲ್ಲ ಎಂದು ಗಾಬರಿಯಾಗಿ ಸಿಸೇರಿಯನ್ನಿಗೆ ಓಡುವುದು, ಮುಂದಿನ ಕಲೆಯನ್ನು ಬಿಡಿಸದೆ ಪಕ್ಕಕ್ಕೆ ಮಾತ್ರ ಕತ್ತರಿ ಹಾಕುವುದು — ಎರಡೂ ಅನಗತ್ಯ ಗಾಯಗಳು.

ಹೆರಿಗೆಯಾದ ಮೇಲೆ "ಮೊದಲಿನಂತೆ ಹೊಲಿದುಬಿಡಿ" ಎಂದು ಮನೆಯವರು ಕೇಳಬಹುದು. ಬ್ರಿಟನ್ನಿನಲ್ಲಿ ಅದು ಅಪರಾಧ, ಕೈಹಾಕಬೇಡಿ. ಇನ್ನು ಮೂತ್ರ ಜೋರಾಗಿ, ಸದ್ದು ಮಾಡುತ್ತ ಹೋಗುತ್ತದೆ ಎಂದು ಬಿಡಿಸುವ ಮೊದಲೇ ಆಕೆಗೆ ಹೇಳಿಡಿ. ಹೇಳದಿದ್ದರೆ ಆ ಸದ್ದಿಗೇ ಏನೋ ಕೆಟ್ಟಿತೆಂದು ಹೆದರುತ್ತಾರೆ.