ಜಾಬ್ ಶೀಟಿನ ಮೇಲೆ ಒಂಬತ್ತು ಚುಕ್ಕೆ

ನಮ್ಮ ಮೊಬೈಲ್ ಅಂಗಡಿಯಲ್ಲಿ ಮಾರಾಟದ ಬಿಲ್ ಕಂಪ್ಯೂಟರಿನಲ್ಲಿ, ರಿಪೇರಿ ಲೆಕ್ಕ ಮಾತ್ರ ನೋಟ್‌ಬುಕ್ಕಿನಲ್ಲಿ. ಹಾಕಿದ ಡಿಸ್‌ಪ್ಲೇಯನ್ನು ಸ್ಟಾಕಿನಿಂದ ಕಳೆಯೋದು ಮರೆತೇ ಹೋಗುತ್ತಿತ್ತು. ಕೊನೆಗೆ ಬಿಲ್ಲಿಂಗ್ ಸಾಫ್ಟ್‌ವೇರಿಗೆ ರಿಪೇರಿ ಆಡ್-ಆನ್, ಅಂದರೆ ರಿಪೇರಿ ಲೆಕ್ಕಕ್ಕೆ ಅಂತ ಸೇರಿಸಿಕೊಳ್ಳುವ ಹೆಚ್ಚುವರಿ ಭಾಗ, ಹಾಕಲು ಕೂತೆ. ಅದರ ಲೈಸೆನ್ಸ್ ಮುರಿದ ಕಳ್ಳ ಪ್ರತಿ ಒಂದು ಪುಕ್ಕಟೆ ಸಿಗುತ್ತಿತ್ತು. ಅದರೊಳಗೆ ಯಾರು ಏನು ತುರುಕಿದ್ದಾರೋ! ಗಿರಾಕಿಗಳ ಹೆಸರು, ನಂಬರು ಎಲ್ಲ ಇರುವ ಜಾಗಕ್ಕೆ ಅದನ್ನು ಬಿಟ್ಟುಕೊಳ್ಳಲು ಮನಸ್ಸಾಗಲಿಲ್ಲ. ದುಡ್ಡು ಕೊಟ್ಟೇ ತಗೊಂಡೆ.

ಅಂಗಡಿ ಮುಚ್ಚಿದ ಮೇಲೆ ಮೊದಲು ಬ್ಯಾಕಪ್. ಆಯ್ತು ಅಂತ ಪರದೆ ತೋರಿಸಿತು. ಯಾಕೋ ಸಮಾಧಾನ ಆಗದೆ ಫೈಲ್ ನೋಡಿದರೆ ಗಾತ್ರ ಸೊನ್ನೆ! ಡಿಸ್ಕಿನಲ್ಲಿ ಜಾಗವೇ ಇರಲಿಲ್ಲ. ಎದೆ ಧಸಕ್ಕೆಂದಿತು. ಜಾಗ ಮಾಡಿ ಮತ್ತೆ ಬ್ಯಾಕಪ್ ತೆಗೆದೆ. ಅದನ್ನು ಇನ್ನೊಂದು ಕಂಪ್ಯೂಟರಿಗೆ ಏರಿಸಿದೆ. ಹಿಂದಿನ ದಿನದ ಬಿಲ್ಲು ಅಲ್ಲಿ ತೆರೆದುಕೊಂಡ ಮೇಲೇ ಉಸಿರು ಬಿಟ್ಟದ್ದು. ಆಡ್-ಆನನ್ನೂ ಮೊದಲು ಆ ನಕಲಿಗೇ ಹಾಕಿದೆ. ಅರ್ಧಕ್ಕೆ ನಿಂತಿತು. ನಮ್ಮ ಸಾಫ್ಟ್‌ವೇರ್ ಹಳೇ ವರ್ಷನ್, ಆಡ್-ಆನಿಗೆ ಹೊಸದು ಬೇಕು. ಅಪ್‌ಡೇಟ್ ಮಾಡಿದ ಮೇಲೆ ಸರಿಹೋಯಿತು. ಆಮೇಲೆ ಕೌಂಟರಿನ ಕಂಪ್ಯೂಟರಿಗೆ.

ಬೆಳಿಗ್ಗೆ ನಮ್ಮ ಹುಡುಗ ಮೊದಲ ಜಾಬ್ ಶೀಟ್, ಅಂದರೆ ರಿಪೇರಿ ವಿವರದ ಚೀಟಿ, ಪ್ರಿಂಟ್ ತೆಗೆದ. "ಅಣ್ಣಾ, ಎಷ್ಟು ನೀಟಾಗಿ ಬಂದಿದೆ ನೋಡಿ" ಅಂದ. ನಿಜಕ್ಕೂ ನೀಟಾಗಿತ್ತು. ಮಾಡೆಲ್, ಪ್ರತಿ ಫೋನಿಗೂ ಬೇರೆ ಬೇರೆ ಇರುವ 15 ಅಂಕಿಯ ಐಎಂಇಐ ನಂಬರು, ತೊಂದರೆ ಏನು, ಕೊಡುವ ದಿನ ಯಾವುದು, ಎಲ್ಲ ಇತ್ತು. ಕೆಳಗೊಂದು ಚೌಕ. ಅದರಲ್ಲಿ ಮೂರು ಸಾಲು, ಸಾಲಿಗೆ ಮೂರು ಚುಕ್ಕೆ. ಎಡಗಡೆ ಮೇಲಿನ ಚುಕ್ಕೆಯಿಂದ ಕೆಳಗಿಳಿದು ಬಲಕ್ಕೆ ತಿರುಗಿದ ಗೆರೆ. ಗಿರಾಕಿಯ ಫೋನಿನ ಲಾಕ್ ಪ್ಯಾಟರ್ನ್!

ಆ ಶೀಟನ್ನು ಫೋನಿಗೇ ಸುತ್ತಿ ರಬ್ಬರ್ ಬ್ಯಾಂಡ್ ಹಾಕಿ ಮೇಜಿನ ಮೇಲಿಡುತ್ತೇವೆ. ಬೀಗದ ಜೊತೆಗೇ ಕೀಲಿಕೈ ಇಟ್ಟ ಹಾಗೆ ಅಲ್ವಾ? ಒಬ್ಬರ ಫೋನಿನಲ್ಲಿ ಮನೆಯವರ ಫೋಟೋ, ಬ್ಯಾಂಕಿನ ಮೆಸೇಜು, ಏನೆಲ್ಲ ಇರುತ್ತೆ. ಶೀಟನ್ನು ಅಲ್ಲೇ ಹರಿದೆ.

ಸೆಟ್ಟಿಂಗ್ಸಿಗೆ ಹೋಗಿ ಪ್ರಿಂಟಿನಿಂದ ಆ ಚೌಕ ತೆಗೆಸಿದೆ. ಅನುಮತಿಗಳ ಪುಟದಲ್ಲಿ ನೋಡಿದರೆ ಕೌಂಟರಿನಲ್ಲಿ ಕೂರುವ ಎಲ್ಲರಿಗೂ ಎಲ್ಲ ಜಾಬ್ ಶೀಟೂ ಕಾಣುತ್ತಿತ್ತು. ಅದನ್ನೂ ಕಡಿಮೆ ಮಾಡಿ, ಯಾರು ರಿಪೇರಿ ಮಾಡುತ್ತಾರೋ ಅವರಿಗೆ ಅವರದ್ದು ಮಾತ್ರ ಕಾಣೋ ಹಾಗೆ ಮಾಡಿದೆ. ಆದರೂ ಪ್ಯಾಟರ್ನ್ ಬರೆದುಕೊಂಡರೆ ದಿನಾ ತೆಗೆಯುವ ಬ್ಯಾಕಪ್ಪಿಗೂ ಅದು ಹೋಗಿ ಕೂರುತ್ತದೆ. ಹಾಗಾಗಿ ಬರೆದುಕೊಳ್ಳುವುದನ್ನೇ ನಿಲ್ಲಿಸಿದೆವು.

ಈಗ ಕೆಲವು ಫೋನುಗಳಲ್ಲಿ ಪ್ಯಾಟರ್ನ್ ಹೇಳದೆಯೇ ರಿಪೇರಿಗೆ ಕೊಡಲು ಅಂತ ದಾರಿ ಇದೆ. ಸ್ಯಾಮ್‌ಸಂಗ್ 2022ರಲ್ಲಿ ಮೇಂಟೆನೆನ್ಸ್ ಮೋಡ್ ತಂದಿತು, ಗೂಗಲ್ 2023ರಲ್ಲಿ ಪಿಕ್ಸೆಲ್ ಫೋನುಗಳಿಗೆ ರಿಪೇರಿ ಮೋಡ್ ಕೊಟ್ಟಿತು. ಆನ್ ಮಾಡಿದರೆ ಫೋನನ್ನು ಪರೀಕ್ಷಿಸಬಹುದು, ಒಳಗಿನ ಫೋಟೋ, ಮೆಸೇಜು ಕಾಣಲ್ಲ.

ಮಧ್ಯಾಹ್ನ ಸ್ಪೀಕರ್ ಹೋಗಿದೆ ಅಂತ ಒಬ್ಬರು ಅಮ್ಮ ಬಂದರು. ರೂಢಿಯಂತೆ ಪ್ಯಾಟರ್ನ್ ಹೇಳಲು ಹೊರಟರು. "ಬೇಡಮ್ಮ, ಹೇಳಬೇಡಿ" ಅಂದು ಆ ಮೋಡ್ ಎಲ್ಲಿದೆ ಅಂತ ತೋರಿಸಿದೆ. ಅವರು ಫೋನನ್ನು ತಮ್ಮ ಕಡೆ ತಿರುಗಿಸಿಕೊಂಡು, ತಾವೇ ಆನ್ ಮಾಡಿ ಕೈಗೆ ಕೊಟ್ಟರು.