ದೋಟಿ ಕ್ಲಾಂಪ್ ಡ್ರಾಯಿಂಗ್, ಯಾರು ಬೇಕಾದ್ರೂ ಮಾಡ್ಕೊಳ್ಳಿ

ತೀರ್ಥಹಳ್ಳಿ ಕಡೆ ಇವತ್ತು ಮಳೆ ಸ್ವಲ್ಪ ಹೊಳವಾಗಿತ್ತು, ಅಪ್ಪನ ಜೊತೆ ಅಡಿಕೆ ಕೊಳೆರೋಗಕ್ಕೆ ಹೊಡೆಯೋ ಬೋರ್ಡೋ ದ್ರಾವಣ ಕಲಸ್ತಿದ್ದೆ, 1 ಕೆಜಿ ಮೈಲುತುತ್ತ, 1 ಕೆಜಿ ಸುಣ್ಣ, 100 ಲೀಟರ್ ನೀರು, ಆಮೇಲೆ ಅಪ್ಪ ಕತ್ತಿ ಅದ್ದಿ ನೋಡಿದ್ರು, ಅಲಗಿನ ಮೇಲೆ ತಾಮ್ರದ ಕೆಂಪು ಕೂತಿತ್ತು, ಅಂದ್ರೆ ಸುಣ್ಣ ಸಾಲ್ದು, ಇನ್ನೊಂಚೂರು ಸುಣ್ಣ ಹಾಕು ಅಂದ್ರು. ಫ್ರಾನ್ಸಿನ ವಿಜ್ಞಾನಿ ಮಿಲ್ಲಾರ್ಡೆ ದ್ರಾಕ್ಷಿ ರೋಗಕ್ಕೆ ಅಂತ 1885ರಲ್ಲೇ ಇದನ್ನ ಪ್ರಕಟ ಮಾಡಿದ್ದು. ಮೈಸೂರು ಸಂಸ್ಥಾನದಲ್ಲಿದ್ದ ಸಸ್ಯರೋಗ ವಿಜ್ಞಾನಿ ಕೋಲ್ಮನ್ 1910ರಲ್ಲಿ ಅಡಿಕೆ ಕೊಳೆ ಬಗ್ಗೆ ಬರೆದ್ರು, ಹಂಗೇ ಈ ಔಷಧಿ ನಮ್ಮ ತೋಟಕ್ಕೂ ಬಂತು.

ಈ ಔಷಧಿ ಹೊಡೆಯೋಕೆ ದೋಟಿ (ಉದ್ದ ಗಳ) ತುದಿಗೆ ನಾಜಲ್ ಹಿಡಿದಿಡೋ ಹಾಗೆ ನಾನು ಮಾಡಿರೋ ಕ್ಲಾಂಪ್ ನೋಡಿದವ್ರೆಲ್ಲ ಪೇಟೆಂಟ್ ಮಾಡ್ಸು ಮಾರಾಯ ಅಂತಾರೆ. 20 ವರ್ಷ ಹಕ್ಕು ಸಿಗುತ್ತೆ ನಿಜ, ದುಡ್ಡು ಸುರಿದು ವರ್ಷಗಟ್ಲೆ ಕೂತು ಕಂಡುಹಿಡಿದವ್ರಿಗೆ ಅದು ಬೇಕೂ ಬೇಕು. ಆದ್ರೆ ಪಕ್ಕದ ತೋಟದವ್ರು ವೆಲ್ಡಿಂಗ್ ಶಾಪಲ್ಲಿ ಒಂದು ಮಾಡ್ಸ್ಕೊಳ್ಳೋಕೆ ನನ್ನ ಪರ್ಮಿಷನ್ ಕೇಳ್ಬೇಕು ಅಂದ್ರೆ ನಂಗೆ ಮನಸ್ಸೇ ಒಪ್ಪಲ್ಲ. ಅದಕ್ಕೆ ಅಳತೆ ಸಮೇತ ಡ್ರಾಯಿಂಗು, ಡೇಟ್ ಹಾಕಿ ಎಲ್ಲರಿಗೂ ಕಾಣೋ ಹಾಗೆ ಬಿಟ್ಟಿದೀನಿ, ಹಿಂಗೆ ಮೊದ್ಲೇ ಪ್ರಕಟ ಆದ್ಮೇಲೆ ಇದೇ ಡಿಸೈನ್ ಹೊಸದು ಅಂತ ಬೇರೆ ಯಾರೂ ಪೇಟೆಂಟ್ ತಗೊಳ್ಳೋ ಹಾಗಿಲ್ಲ. ಬೋಲ್ಟ್ ಮಾತ್ರ ಸ್ಟೇನ್‌ಲೆಸ್ಸೇ ಹಾಕಿ, ಮೈಲುತುತ್ತ ಕಬ್ಬಿಣ ತಿಂದ್ಬಿಡುತ್ತೆ.