ಅರ್ಧ ದೊಡ್ಡದೋ, ಮೂರರಲ್ಲಿ ಎರಡು ದೊಡ್ಡದೋ?

ನಮ್ಮ ಸಂವಿಧಾನ ಮತ್ತು ಚುನಾವಣಾ ಕಾನೂನುಗಳಲ್ಲಿ ಚದುರಿಕೊಂಡಿರುವ ಭಿನ್ನರಾಶಿಗಳನ್ನೂ ಶೇಕಡಾವಾರುಗಳನ್ನೂ ಹೆಕ್ಕಿ ಏರಿಕೆಯ ಕ್ರಮದಲ್ಲಿ ಬರೆಯಿರಿ ಎಂಬುದು, ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗೆ ನಾನು ಕೊಡಲು ಇಷ್ಟಪಡುವ ಲೆಕ್ಕ. ಸಂಸತ್ತಿನ ಸದನದ ಕೋರಂ, ಅಂದರೆ ಕಲಾಪ ನಡೆಯಲು ಹಾಜರಿರಲೇಬೇಕಾದ ಸದಸ್ಯರ ಪಾಲು, 1/10. 2003ರ 91ನೇ ತಿದ್ದುಪಡಿಯಿಂದ ಮಂತ್ರಿಮಂಡಲದ ಗಾತ್ರದ ಮಿತಿ ಲೋಕಸಭೆ ಅಥವಾ ವಿಧಾನಸಭೆಯ ಸದಸ್ಯಬಲದ ಶೇ 15. ಅಭ್ಯರ್ಥಿಯ ಠೇವಣಿ ಉಳಿಯಲು ಸಿಂಧು ಮತಗಳ 1/6ಕ್ಕಿಂತ ಹೆಚ್ಚು. ಸಂವಿಧಾನದ ತಿದ್ದುಪಡಿಗೆ 1/2 ಮತ್ತು 2/3. ಇವುಗಳಲ್ಲಿ ಹಲವರು ತಡವರಿಸುವುದು ಶೇ 15 ಮತ್ತು 1/6ರ ನಡುವೆ. ಶೇ 15 ಎಂದರೆ 3/20. ಓರೆಯಾಗಿ ಗುಣಿಸಿದರೆ ಒಂದು ಕಡೆ 18, ಇನ್ನೊಂದು ಕಡೆ 20 ಬರುವುದರಿಂದ 1/6 ದೊಡ್ಡದೆಂದು ದಶಮಾಂಶದ ಗೋಜಿಲ್ಲದೆ ತಿಳಿಯುತ್ತದೆ.

1/6 ಅನ್ನು ಶೇ 16 ಎಂದು ಮೊಟಕುಗೊಳಿಸಿ ನೆನಪಿಟ್ಟುಕೊಳ್ಳುವ ರೂಢಿ ನನಗೆ ಒಪ್ಪಿಗೆಯಾಗುವುದಿಲ್ಲ. ಒಂದೂವರೆ ಲಕ್ಷ ಸಿಂಧು ಮತಗಳಿರುವ ಕ್ಷೇತ್ರದಲ್ಲಿ ಶೇ 16 ಎಂದರೆ 24,000, 1/6 ಎಂದರೆ 25,000. ನಡುವಿನ ಸಾವಿರ ಮತಗಳಲ್ಲಿ ಎಲ್ಲಿ ನಿಂತರೂ ಠೇವಣಿ ಹೋದಂತೆಯೇ. ಶೇ 16.67 ಎಂದು ತಿದ್ದಿಕೊಂಡರೆ ತಪ್ಪು ಮತ್ತೊಂದು ದಿಕ್ಕಿಗೆ ಹೊರಳುತ್ತದೆ: ಆಗ ಗಡಿ 25,005 ಆಗಿ, 25,001 ಮತ ಪಡೆದು ಠೇವಣಿ ಉಳಿಸಿಕೊಂಡವರೂ ಅದನ್ನು ಕಳೆದುಕೊಂಡಂತೆ ಕಾಣುತ್ತಾರೆ. (ನಮ್ಮ ವಿಧಾನಸಭೆಯ 224ರಲ್ಲಿ ಶೇ 15 ಎಂದರೆ 33.6, ಮಂತ್ರಿಗಳ ಮಿತಿಯನ್ನು ಮಾತ್ರ 34 ಎಂದೇ ಎಣಿಸುತ್ತಾ ಬಂದಿದ್ದೇವೆ.)

ಇಷ್ಟಾದ ಮೇಲೆ ಉಳಿಯುವುದು 1/2 ಮತ್ತು 2/3. ಎರಡರಲ್ಲಿ ಯಾವುದು ದೊಡ್ಡದೆಂದು ಕೇಳಿದರೆ ನಗು ಬರಬಹುದು. ಆದರೆ ಸಂವಿಧಾನದ ತಿದ್ದುಪಡಿಗೆ ಸಂಬಂಧಿಸಿದ 368ನೇ ವಿಧಿ ಕೇಳುವ ಅರ್ಧವು ಸದನದ ಒಟ್ಟು ಸದಸ್ಯಬಲದ ಅರ್ಧಕ್ಕಿಂತ ಹೆಚ್ಚು, ಮೂರರಲ್ಲಿ ಎರಡು ಪಾಲಾದರೋ ಹಾಜರಿದ್ದು ಮತ ಚಲಾಯಿಸಿದವರದ್ದು. ಲೋಕಸಭೆಯ 543ರಲ್ಲಿ ಮೊದಲನೆಯ ಷರತ್ತು ಸದಾ 272. ಎರಡನೆಯದು ಹಾಜರಾತಿಯೊಂದಿಗೆ ಏರಿಳಿಯುತ್ತದೆ. 300 ಮಂದಿ ಮತ ಹಾಕಿದರೆ 2/3ಕ್ಕೆ 200 ಸಾಕು, ಆದರೂ 272 ಬೇಕೇ ಬೇಕು, ಅಂದರೆ ಮತ ಹಾಕಿದವರಲ್ಲಿ ಶೇ 90ಕ್ಕೂ ಹೆಚ್ಚು. ಎಲ್ಲ 543 ಮಂದಿ ಬಂದರೆ 2/3 ಎಂಬುದು 362ಕ್ಕೆ ಏರಿ ಅರ್ಧವನ್ನು ಹಿಂದಿಕ್ಕುತ್ತದೆ. ಎರಡೂ ಸಮವಾಗುವುದು 408ರಲ್ಲಿ, ಏಕೆಂದರೆ 408ರ 2/3 ಸರಿಯಾಗಿ 272. ಅರ್ಧವನ್ನು 2/3ರಿಂದ ಭಾಗಿಸಿದರೆ 3/4 ಬರುತ್ತದೆಯಲ್ಲವೇ, ಆ ಮುಕ್ಕಾಲು ಹಾಜರಾತಿಯ ಆಸುಪಾಸಿನಲ್ಲೇ ದೊಡ್ಡದು ಚಿಕ್ಕದಾಗಿ, ಚಿಕ್ಕದು ದೊಡ್ಡದಾಗುತ್ತದೆ.

2024ರ ಡಿಸೆಂಬರ್ 17ರಂದು ಏಕಕಾಲಿಕ ಚುನಾವಣೆಯ ತಿದ್ದುಪಡಿ ಮಸೂದೆಯನ್ನು ಲೋಕಸಭೆಯಲ್ಲಿ ಮಂಡಿಸುವಾಗ ಪರವಾಗಿ 269, ವಿರುದ್ಧವಾಗಿ 198 ಮತಗಳು ಬಿದ್ದವು. ಮಂಡನೆಗೆ ಸರಳ ಬಹುಮತವೇ ಸಾಕಾದ್ದರಿಂದ ಅದು ದಾಟಿತು. ಅದೇ ಎಣಿಕೆ ಅಂಗೀಕಾರದ ಹಂತದಲ್ಲಿ ಬಂದಿದ್ದರೆ, ಮತ ಹಾಕಿದ 467ರಲ್ಲಿ 2/3ಕ್ಕೆ 312 ಬೇಕಿತ್ತು: ಅರ್ಧದ ಷರತ್ತಿಗೆ ಮೂರೇ ಮತ, 2/3ರ ಷರತ್ತಿಗೆ 43 ಮತ ಕೊರತೆ. ಅಂದಿನ ಹಾಜರಾತಿ 408ನ್ನು ದಾಟಿತ್ತು, ಆದ್ದರಿಂದ 2/3 ಗಟ್ಟಿ ಗೋಡೆಯಾಗಿತ್ತು.

ರಾಷ್ಟ್ರಪತಿಯನ್ನು ಹುದ್ದೆಯಿಂದ ತೆಗೆಯುವ ಮಹಾಭಿಯೋಗದಲ್ಲಿ ಈ ಏರಿಳಿತಕ್ಕೆ ಎಡೆಯಿಲ್ಲ. 61ನೇ ವಿಧಿ ಕೇಳುವ 2/3 ಒಟ್ಟು ಸದಸ್ಯಬಲದ್ದೇ ಆಗಿರುವುದರಿಂದ, ಎಷ್ಟೇ ಕುರ್ಚಿಗಳು ಖಾಲಿ ಇದ್ದರೂ ಲೋಕಸಭೆಯಲ್ಲಿ ಬೇಕಾಗುವುದು 362.